ಬೀಗ ಬಿದ್ದ ಕಕ್ಕಸು

ಮೊಳಕಾಲ್ಮೂರಿನ ಹತ್ತಿರ ಒಂದು ಹಳ್ಳಿ. ಅಲ್ಲಿ ಒಂದು ನೇಕಾರರ ಮನೆ. ಆ ಮನೆಯ ಅಕ್ಕ ಸಂಜೆ ಓದು ಬರಹ ಕಲಿಯಲು ಬರುತ್ತಿದ್ದರು. ಒಂದು ವಾರ ಅವರು ಬರಲಿಲ್ಲ. ನಾವೇ ಮನೆಗೆ ಹೋದೆವು.

"ಮಗಳು ಹೆರಿಗೆಗೆ ಬಂದವಳೆ ಟೀಚರಮ್ಮ. ಕತ್ತಲಾದ ಮೇಲೆ ಅವಳನ್ನ ಬಯಲಿಗೆ ಕರ್ಕೊಂಡು ಹೋಗ್ಬೇಕು. ಅದಕ್ಕೇ ಬರಾಕೆ ಆಗ್ಲಿಲ್ಲ" ಅಂದರು.

ಮನೆ ಹಿಂದೆ ಕಕ್ಕಸು ಇತ್ತು. ಬಾಗಿಲಿಗೆ ಬೀಗ. ಒಳಗೆ ಸೌದೆ ಮತ್ತು ಶೇಂಗಾ ಚೀಲ.

"ಅದು ಕೆಟ್ಟೈತೆ. ನೀರು ಇಳಿಯಲ್ಲ. ಗುಂಡಿ ತುಂಬೈತಂತೆ. ಹೊಸ ಗುಂಡಿ ತೆಗ್ಸಾಕೆ ದುಡ್ಡೆಲ್ಲೈತೆ?"

ಮಗಳು ಒಂದು ಮಾತು ಹೇಳಿದಳು. ಹಗಲು ಬಯಲಿಗೆ ಹೋಗುವ ಹಾಗಿಲ್ಲ. ಅದಕ್ಕೆ ಅವಳು ನೀರೇ ಕುಡಿಯುತ್ತಿರಲಿಲ್ಲ. ಈಗ ಉರಿಮೂತ್ರ ಶುರುವಾಗಿದೆ. ಬಸುರಿಗೆ ಇದು ಒಳ್ಳೆಯದಲ್ಲ. ಮೊದಲು ಅವಳನ್ನು ಆರೋಗ್ಯ ಕೇಂದ್ರಕ್ಕೆ ಕಳಿಸಿದೆವು. ಆಮೇಲೆ ಕಕ್ಕಸಿನ ಕಡೆ ತಿರುಗಿದೆವು.

2014ರ ಅಕ್ಟೋಬರ್ 2ರಂದು ಸ್ವಚ್ಛ ಭಾರತ ಯೋಜನೆ ಶುರುವಾಯಿತು. ಹಳ್ಳಿಗಳಲ್ಲಿ ಕಕ್ಕಸು ಕಟ್ಟಿಕೊಳ್ಳಲು ಒಂದು ಮನೆಗೆ 12,000 ರೂಪಾಯಿ ಸಹಾಯಧನ ಇತ್ತು. ಚಳ್ಳಕೆರೆ, ಮೊಳಕಾಲ್ಮೂರು ಕಡೆಯೂ ಕಕ್ಕಸುಗಳು ಬಂದವು. ಆದರೆ ಕೆಟ್ಟರೆ ಏನು ಮಾಡಬೇಕು? ಅದು ಬಹಳ ಜನಕ್ಕೆ ಗೊತ್ತಾಗಲಿಲ್ಲ. ಬನ್ನಿ, ತಿಳಿಯೋಣ.

ಕಕ್ಕಸಿನ ಒಳಗೆ ಏನಿದೆ?

ನಾವು ಕೂರುವ ಕಡೆ ಬೇಸಿನ್ ಇರುತ್ತದೆ. ಅದರ ಕೆಳಗೆ ಒಂದು ಬಾಗಿದ ಕೊಳವೆ. ಅದರಲ್ಲಿ ಸ್ವಲ್ಪ ನೀರು ಯಾವಾಗಲೂ ನಿಂತಿರುತ್ತದೆ. ಆ ನೀರೇ ಒಂದು ಬಾಗಿಲು. ಅದು ಗುಂಡಿಯ ವಾಸನೆ ಮತ್ತು ನೊಣ ಮೇಲೆ ಬರದಂತೆ ತಡೆಯುತ್ತದೆ.

ಕಕ್ಕಸಿನ ಹಿಂದೆ ಒಂದು ಚಿಕ್ಕ ತೊಟ್ಟಿ. ಇದನ್ನು ಚೇಂಬರು ಅನ್ನುತ್ತಾರೆ. ಅಲ್ಲಿಂದ ಎರಡು ಗುಂಡಿಗೆ ದಾರಿ ಇದೆ. ಒಂದು ದಾರಿ ತೆರೆದಿರುತ್ತದೆ. ಇನ್ನೊಂದು ಮುಚ್ಚಿರುತ್ತದೆ.

ವಾಸನೆ ಬಂದರೆ

ಬಾಗಿದ ಕೊಳವೆಯ ನೀರು ಒಣಗಿರಬಹುದು. ನಮ್ಮ ಕಡೆ ಬಿಸಿಲು ಜಾಸ್ತಿ. ಬೀಗ ಹಾಕಿದ ಕಕ್ಕಸಿನಲ್ಲಿ ಈ ನೀರು ಆರಿಹೋಗುತ್ತದೆ. ಆಗ ವಾಸನೆ ಬರುತ್ತದೆ. ಎರಡು ಚೊಂಬು ನೀರು ಹಾಕಿ ನೋಡಿ.

"ಕುಡಿಯಾಕೇ ನೀರಿಲ್ಲ, ಕಕ್ಕಸಿಗೆ ಎಲ್ಲಿಂದ ತರಾನ?" ಅಂತ ಕೇಳುತ್ತೀರಿ. ನಿಜ, ನಮ್ಮದು ಮಳೆ ಕಡಿಮೆ ಸೀಮೆ. ಆದರೆ ಹಳ್ಳಿಗೆಂದೇ ಮಾಡಿದ ಬೇಸಿನ್ ಬಹಳ ಇಳಿಜಾರು ಇರುತ್ತದೆ. ಒಂದು ಸಲಕ್ಕೆ ಒಂದೂವರೆಯಿಂದ ಎರಡು ಲೀಟರ್ ಸಾಕು. ಬಟ್ಟೆ ಜಾಲಿಸಿದ ಕೊನೆಯ ನೀರೂ ನಡೆಯುತ್ತದೆ.

ನೀರು ಇಳಿಯದಿದ್ದರೆ

ಕೂಡಲೇ "ಗುಂಡಿ ತುಂಬಿದೆ" ಅನ್ನಬೇಡಿ. ಚೇಂಬರಿನ ಮುಚ್ಚಳ ತೆಗೆದು ನೋಡಿ.

ಚೇಂಬರಿನಲ್ಲಿ ನೀರು ನಿಂತಿಲ್ಲವಾ? ಹಾಗಾದರೆ ಬೇಸಿನ್‌ಗೂ ಚೇಂಬರಿಗೂ ನಡುವೆ ಏನೋ ಸಿಕ್ಕಿಕೊಂಡಿದೆ. ಕೈಗೆ ಪ್ಲಾಸ್ಟಿಕ್ ಚೀಲ ಕಟ್ಟಿಕೊಳ್ಳಿ. ಬಾಗುವ ಬಿದಿರಿನ ಸೀಳು ತಗೊಳ್ಳಿ. ಅದರ ತುದಿಗೆ ಬಟ್ಟೆಯನ್ನು ಬಿಗಿಯಾಗಿ ಸುತ್ತಿ ಕಟ್ಟಿ. ಮೆಲ್ಲಗೆ ಹಿಂದೆ ಮುಂದೆ ಆಡಿಸಿ. ಕಬ್ಬಿಣದ ಸಲಾಕೆ ಬೇಡ. ಬೇಸಿನ್ ಒಡೆಯುತ್ತದೆ. ಕುದಿಯುವ ನೀರೂ ಬೇಡ. ಕೆಲಸ ಮುಗಿದ ಮೇಲೆ ಸೋಪು ಹಾಕಿ ಕೈ ತೊಳೆಯಿರಿ.

ಚೇಂಬರಿನಲ್ಲಿ ನೀರು ನಿಂತಿದೆಯಾ? ಗುಂಡಿಯ ಕಡೆಯ ಪೈಪಿಗೆ ಸೀಳು ಆಡಿಸಿ. ಆಗಲೂ ನೀರು ಇಳಿಯದಿದ್ದರೆ ಗುಂಡಿ ತುಂಬಿರಬಹುದು.

ಗುಂಡಿ ತುಂಬಿದರೆ

ಹೊಸ ಗುಂಡಿ ಬೇಡ. ಎರಡನೆಯದು ಇದೆಯಲ್ಲ! ಚೇಂಬರಿನಲ್ಲಿ ಅದರ ದಾರಿ ತೆರೆಯಿರಿ. ಮೊದಲನೆಯದರ ದಾರಿಯನ್ನು ಇಟ್ಟಿಗೆ, ಮಣ್ಣು ಇಟ್ಟು ಮುಚ್ಚಿ. ತುಂಬಿದ ಗುಂಡಿಯನ್ನು ಕನಿಷ್ಠ ಒಂದು ವರ್ಷ ಮುಟ್ಟಬೇಡಿ. ಎರಡು ವರ್ಷ ಬಿಟ್ಟರೆ ಇನ್ನೂ ಒಳ್ಳೆಯದು. ಒಳಗಿದ್ದದ್ದು ವಾಸನೆಯಿಲ್ಲದ ಗೊಬ್ಬರ ಆಗುತ್ತದೆ. ಹೊಲಕ್ಕೆ ಹಾಕಬಹುದು.

ಹಸಿ ಗುಂಡಿಗೆ ಯಾರೂ ಇಳಿಯಬಾರದು. ವಿಷಗಾಳಿಗೆ ಪ್ರಾಣ ಹೋಗುತ್ತದೆ. ಮಲವನ್ನು ಮನುಷ್ಯರ ಕೈಯಿಂದ ಬಳಿಸುವುದು 2013ರ ಕಾನೂನಿನ ಪ್ರಕಾರ ಅಪರಾಧ. ನಿಮ್ಮ ಮನೆಗೆ ಒಂದೇ ಗುಂಡಿ ಇದ್ದರೆ ಗ್ರಾಮ ಪಂಚಾಯಿತಿಗೆ ಅರ್ಜಿ ಕೊಡಿ. ಬರೆಯಲು ಈಗ ನಮಗೆ ಬರುತ್ತದೆ!

ಆಸಿಡ್ ಸುರಿಯಬೇಡಿ. ಗುಂಡಿಯಲ್ಲಿ ಮಲವನ್ನು ಕೊಳೆಸಿ ಗೊಬ್ಬರ ಮಾಡುವ ಸಣ್ಣ ಜೀವಿಗಳು ಸಾಯುತ್ತವೆ. ಆಸಿಡ್ ಮತ್ತು ಬ್ಲೀಚಿಂಗ್ ಪುಡಿ ಸೇರಿದರೆ ವಿಷಗಾಳಿ ಏಳುತ್ತದೆ.

ಕೂರುವ ಸೀಟು ಅಲುಗಾಡಿದರೆ

ಕೆಲವು ಮನೆಗಳಲ್ಲಿ ಕುರ್ಚಿಯ ಹಾಗೆ ಕೂರುವ ಕಮೋಡು ಇದೆ. ಮಂಡಿ ನೋವಿನ ಅಜ್ಜಿಗೆ ಅದು ಅನುಕೂಲ. ಸೀಟು ಅಲುಗಾಡಿದರೆ ಅಜ್ಜಿ ಜಾರಿ ಬಿದ್ದಾರು. ಸೀಟಿನ ಹಿಂಭಾಗದಲ್ಲಿ ಎರಡು ಬೋಲ್ಟು ಇರುತ್ತವೆ. ಬಹಳ ಕಮೋಡುಗಳಲ್ಲಿ ಅವುಗಳ ನಟ್ಟು ಅಡಿಯಲ್ಲಿ ಇರುತ್ತದೆ. ಸೀಟನ್ನು ನೇರ ಇಟ್ಟು ನಟ್ಟನ್ನು ಕೈಯಿಂದ ಬಿಗಿ ಮಾಡಿ. ಕೆಲವು ಮುಚ್ಚಳ ತಾನಾಗಿ ನಿಧಾನಕ್ಕೆ ಮುಚ್ಚುತ್ತದೆ. ಅದನ್ನು ಒತ್ತಬೇಡಿ. ಒತ್ತಿದರೆ ಕೀಲು ಕೆಟ್ಟು ಮುಚ್ಚಳ ಧಡ್ ಅಂತ ಬೀಳುತ್ತದೆ. ಆಗ ಹಳೆಯ ಕೀಲನ್ನೇ ಅಂಗಡಿಗೆ ಒಯ್ದು ಅಂಥದ್ದೇ ಕೇಳಿ.

ಆ ಮನೆಯಲ್ಲಿ ಏನಾಯಿತು?

ಚೇಂಬರು ಒಣಗಿತ್ತು. ಗುಂಡಿ ತುಂಬಿರಲಿಲ್ಲ! ಬಿದಿರಿನ ಸೀಳಿಗೆ ಒಂದು ಬಟ್ಟೆ ಚೂರು ಸಿಕ್ಕಿ ಬಂತು. ಎರಡು ಚೊಂಬು ನೀರು ಹಾಕಿದೆವು. ಗಳ್ ಅಂತ ಇಳಿಯಿತು.

ಅಕ್ಕ ತಲೆ ತಗ್ಗಿಸಿದರು. "ಮುಟ್ಟಿನ ಬಟ್ಟೆ ಟೀಚರಮ್ಮ. ಯಾರೂ ನೋಡ್ಬಾರ್ದು ಅಂತ ಹಾಕಿದ್ವಿ" ಅಂದರು. ನಾಚಿಕೆ ಬೇಡ. ಆದರೆ ಬಟ್ಟೆ, ಪ್ಯಾಡು, ಪ್ಲಾಸ್ಟಿಕ್ ಯಾವುದನ್ನೂ ಬೇಸಿನ್‌ಗೆ ಹಾಕಬಾರದು. ಕಾಗದದಲ್ಲಿ ಸುತ್ತಿ ಬೇರೆ ಡಬ್ಬಿಯಲ್ಲಿ ಹಾಕಿ ಇಡಿ.

ಮಗ್ಗದಲ್ಲಿ ಒಂದು ಎಳೆ ಕಡಿದರೆ ಇಡೀ ಸೀರೆ ಬಿಸಾಡುತ್ತೇವಾ? ಗಂಟು ಹಾಕಿ ಮುಂದೆ ನೇಯುತ್ತೇವೆ. ಕಕ್ಕಸೂ ಹಾಗೇ.

ಅವತ್ತೇ ಸೌದೆ, ಚೀಲ ಹೊರಗೆ ಬಂದವು. ಬೀಗ ಪೆಟ್ಟಿಗೆ ಸೇರಿತು. ಮಗಳು ಹೊಟ್ಟೆ ತುಂಬ ನೀರು ಕುಡಿದಳು. ಮರುದಿನ ಸಂಜೆ ಅಕ್ಕ ಓದಲು ಬಂದರು.

ನಿಮ್ಮ ಮನೆಯ ಕಕ್ಕಸಿಗೂ ಬೀಗ ಬಿದ್ದಿದೆಯಾ? ಇವತ್ತೇ ಚೇಂಬರಿನ ಮುಚ್ಚಳ ತೆಗೆದು ನೋಡಿ.