ಗಡಿ ವ್ಯಾಜ್ಯದಲ್ಲಿ ಕೋರ್ಟ್ ಕಮೀಷನರ್: ಅಳತೆಯ ದಿನ ಮಾಲೀಕರು ಎಲ್ಲಿರಬೇಕು?

ಕನಕಪುರ ರಸ್ತೆಯ ಜರಗನಹಳ್ಳಿಯ ಬಳಿ ಸಣ್ಣ ಉದ್ಯಮಿಯೊಬ್ಬರು 40 ಅಡಿ ಅಗಲ, 60 ಅಡಿ ಉದ್ದದ ನಿವೇಶನದಲ್ಲಿ ಷೆಡ್ ಹಾಕಿಕೊಂಡಿದ್ದಾರೆಂದು ಭಾವಿಸೋಣ. ನೆರೆಯವರ ಹೊಸ ಕಾಂಪೌಂಡ್ ಗೋಡೆ ಉದ್ದಕ್ಕೂ ಎರಡು ಅಡಿ ಒಳಕ್ಕೆ ಬಂದಿದೆಯೆಂಬುದು ಅವರ ದೂರು. 120 ಚದರ ಅಡಿ ಅಲ್ಪವೆಂದು ತೋರಬಹುದು. ಆದರೆ ಲಾರಿ ಹಿಂದಕ್ಕೆ ತಿರುಗುವುದು ಅದೇ ಜಾಗದಲ್ಲಿ. ಇಬ್ಬರ ಬಳಿಯೂ ನೋಂದಾಯಿತ ಕ್ರಯಪತ್ರವಿದೆ, ಖಾತೆಯಿದೆ, ತೆರಿಗೆ ರಸೀದಿಯಿದೆ. ಎಷ್ಟು ಸಾಕ್ಷಿಗಳನ್ನು ಕರೆತಂದರೂ ಗೋಡೆ ಎಲ್ಲಿರಬೇಕಿತ್ತೆಂಬುದು ಮಾತಿನಿಂದ ತೀರ್ಮಾನವಾಗದು.

ಇಂತಹ ಸಂದರ್ಭಕ್ಕೆಂದೇ ಸಿವಿಲ್ ಪ್ರಕ್ರಿಯಾ ಸಂಹಿತೆ, 1908ರ 26ನೇ ಆದೇಶದ 9ನೇ ನಿಯಮವು ಸ್ಥಳ ತನಿಖೆಗೆ ಕಮೀಷನರನ್ನು ನೇಮಿಸುವ ಅಧಿಕಾರವನ್ನು ನ್ಯಾಯಾಲಯಕ್ಕೆ ನೀಡಿದೆ. ಹರಿಯಾಣ ವಕ್ಫ್ ಮಂಡಳಿಯ ಮೊಕದ್ದಮೆಯಲ್ಲಿ (2008ರ ಸುಪ್ರೀಂ ಕೋರ್ಟ್ ವರದಿಗಳಲ್ಲಿ ಪ್ರಕಟ) ಅಕ್ಕಪಕ್ಕದ ಜಮೀನುಗಳ ಗಡಿಯೇ ವಿವಾದದ ವಿಷಯವಾಗಿದ್ದರೂ ಕಮೀಷನರ್ ನೇಮಕದ ಅರ್ಜಿಯನ್ನು ತಿರಸ್ಕರಿಸಿದ್ದು ತಪ್ಪೆಂದು ಸರ್ವೋಚ್ಚ ನ್ಯಾಯಾಲಯ ಹೇಳಿತು. ಆದರೆ ಸ್ವಾಧೀನ ಯಾರದೆಂದು ಕಂಡುಹಿಡಿಯಲು, ಅಂದರೆ ತಾವೇ ಒದಗಿಸಬೇಕಾದ ಸಾಕ್ಷ್ಯವನ್ನು ಕಮೀಷನರ್ ಮೂಲಕ ಸಂಗ್ರಹಿಸಲು ಹೊರಟರೆ ಅರ್ಜಿ ಸಾಮಾನ್ಯವಾಗಿ ವಜಾ ಆಗುತ್ತದೆ.

ಯಾರನ್ನು ನೇಮಿಸುವಂತೆ ಕೋರಬೇಕೆಂಬುದೂ ಮುಖ್ಯ. ಇಂದು ನಿಂತಿರುವ ಗೋಡೆ ನಾಳೆ ಬದಲಾದೀತೆಂಬ ಭಯವಿದ್ದಲ್ಲಿ, ಇದ್ದ ಸ್ಥಿತಿಯನ್ನು ದಾಖಲಿಸಲು ವಕೀಲರೊಬ್ಬರು ಸಾಕು. ಅಳತೆಯ ಪ್ರಶ್ನೆಯಾದರೆ ಭೂದಾಖಲೆಗಳ ಸಹಾಯಕ ನಿರ್ದೇಶಕರನ್ನೋ ಸರ್ಕಾರಿ ಭೂಮಾಪಕರನ್ನೋ ಕೋರುವುದು ಲೇಸು.

ಎಲ್ಲಕ್ಕಿಂತ ಹೆಚ್ಚಿನ ತೊಡಕು ಅಳತೆ ಎಲ್ಲಿಂದ ಆರಂಭವಾಗಬೇಕೆಂಬುದರಲ್ಲಿದೆ. 1948ರಲ್ಲಿ ರೂಪುಗೊಂಡ ಜಯನಗರದಂತಹ ಯೋಜಿತ ಬಡಾವಣೆಯಲ್ಲಿ ಮಂಜೂರಾದ ನಕ್ಷೆಯೇ ಆಧಾರ. ಬೈರಸಂದ್ರ, ತಾವರೆಕೆರೆ, ಮಡಿವಾಳಗಳ ಮೊದಲಕ್ಷರಗಳಿಂದ ಹೆಸರು ಪಡೆದ ಬಿ.ಟಿ.ಎಂ. ಬಡಾವಣೆಯ ಸುತ್ತಮುತ್ತ, ಬನಶಂಕರಿ, ಜೆ.ಪಿ. ನಗರಗಳ ಅಂಚಿನಲ್ಲಿ ಹಾಗಲ್ಲ. ಹೊಲಗಳ ಸರ್ವೆ ನಂಬರುಗಳಿಂದಲೇ ನೇರವಾಗಿ ನಿವೇಶನಗಳು ಹುಟ್ಟಿರುವ ಕಡೆಗಳಿವೆ. ಅಲ್ಲಿ ಗ್ರಾಮ ನಕ್ಷೆ, ಟಿಪ್ಪಣಿ, ಆಕಾರ್‌ಬಂದ್ ತೆರೆಯದೆ ಗತಿಯಿಲ್ಲ. ಹಳೆಯ ಟಿಪ್ಪಣಿಯ ಅಂಕಿಗಳು 33 ಅಡಿಯ ಸರಪಳಿಯವು. ಸರಪಳಿಗೆ 16 ಆಣೆ. ಒಂದು ಆಣೆ ಎರಡು ಅಡಿಗಿಂತ ಕೊಂಚ ಹೆಚ್ಚು. ಅಂದರೆ ನಮ್ಮ ಉದ್ಯಮಿಯ ಇಡೀ ವ್ಯಾಜ್ಯವೇ ಒಂದು ಆಣೆಯೊಳಗೆ ಅಡಗಿಹೋಗುತ್ತದೆ! ಟಿಪ್ಪಣಿಯಿಂದ ಸರ್ವೆ ನಂಬರಿನ ಹೊರಗಡಿಯನ್ನು ಗುರುತಿಸಬಹುದೇ ಹೊರತು ಸೈಟಿನ ಗೋಡೆಯನ್ನು ಅದೊಂದರಿಂದಲೇ ನಿರ್ಧರಿಸಲಾಗದು. ಮೊದಲು ನಂಬರಿನ ಹದ್ದುಬಸ್ತು, ಅನಂತರ ಬಡಾವಣೆಯ ನಕ್ಷೆ, ಕೊನೆಗೆ ಕ್ರಯಪತ್ರದ ಚಕ್ಕುಬಂದಿ. ಇಂದಿನ ರಸ್ತೆಯ ಅಂಚಿನಿಂದ ಟೇಪು ಹಿಡಿದರೆ, ರಸ್ತೆ ಅಗಲವಾದಾಗ ಹೋದ ಜಾಗವನ್ನೂ ನೆರೆಯವರ ಲೆಕ್ಕಕ್ಕೆ ಬರೆದಂತಾದೀತು. ಆದುದರಿಂದ ಆರಂಭ ಬಿಂದು ಯಾವುದೆಂಬುದನ್ನು ಕಮೀಷನರಿಗೆ ಸಲ್ಲಿಸುವ ಮೆಮೊದಲ್ಲಿಯೇ ಲಿಖಿತವಾಗಿ ಕೇಳಿಕೊಳ್ಳತಕ್ಕದ್ದು.

ಅಳತೆಯ ದಿನ ವಕೀಲರ ಗುಮಾಸ್ತರನ್ನೋ ಷೆಡ್ಡಿನ ಕಾವಲುಗಾರನನ್ನೋ ನಿಲ್ಲಿಸಿ ಮಾಲೀಕರು ವ್ಯಾಪಾರಕ್ಕೆ ಹೋಗುವುದು ನಮ್ಮವರಲ್ಲಿ ಅಪರೂಪವೇನಲ್ಲ. ನೋಟೀಸು ಕೊಟ್ಟ ಮೇಲೆ ಪಕ್ಷಕಾರರು ಬಾರದಿದ್ದರೂ ಕಮೀಷನರ್ ಕೆಲಸ ಮುಂದುವರಿಸಬಹುದೆಂದು 18ನೇ ನಿಯಮ ಹೇಳುತ್ತದೆ. ಮೂಲ ದಾಖಲೆಗಳೊಡನೆ ಖುದ್ದು ಹಾಜರಿರಬೇಕು. ಮಹಜರಿಗೆ ಸಹಿ ಹಾಕುವ ಮುನ್ನ ಓದಿ ನೋಡಬೇಕು. ಒಪ್ಪಿಗೆಯಿಲ್ಲದ ಅಂಶವನ್ನು ಅಲ್ಲಿಯೇ ಬರೆಸಬೇಕು. ಕಮೀಷನರ ಶುಲ್ಕವನ್ನು ನ್ಯಾಯಾಲಯ ನಿಗದಿಪಡಿಸುತ್ತದೆ, ಅದನ್ನು ಮುಂಗಡವಾಗಿ ಕಟ್ಟಬೇಕಾಗುತ್ತದೆ.

ವರದಿಯು ತೀರ್ಪಲ್ಲ. 10ನೇ ನಿಯಮದಂತೆ ಅದು ದಾವೆಯಲ್ಲಿ ಸಾಕ್ಷ್ಯವಾಗುತ್ತದೆ. ನ್ಯಾಯಾಲಯದ ಅನುಮತಿ ಪಡೆದು ಕಮೀಷನರನ್ನೇ ಕಟಕಟೆಗೆ ಕರೆಸಿ ಪ್ರಶ್ನಿಸಬಹುದು. ವರದಿ ತೃಪ್ತಿಕರವಲ್ಲವೆಂದು ಕಂಡುಬಂದರೆ ನ್ಯಾಯಾಲಯ ಮತ್ತೆ ತನಿಖೆಗೆ ಆದೇಶಿಸಬಹುದು. ಆದರೆ ಅದಕ್ಕೆ ಆಕ್ಷೇಪಣೆ ದಾಖಲಾಗಿರಬೇಕು. "ಅಳತೆ ಸರಿಯಿಲ್ಲ" ಎಂಬ ಒಂದು ಸಾಲಿನ ಆಕ್ಷೇಪಣೆಯಿಂದ ಪ್ರಯೋಜನವಿಲ್ಲ. ಯಾವ ಕಲ್ಲನ್ನು ಬಿಟ್ಟಿದ್ದಾರೆ, ಯಾವ ನಕ್ಷೆಯನ್ನು ನೋಡಿಲ್ಲ, ಯಾವ ಭುಜದಲ್ಲಿ ಎಷ್ಟು ಅಂಗುಲ ವ್ಯತ್ಯಾಸವಿದೆ ಎಂಬುದನ್ನು ಅದರಲ್ಲಿ ವಿವರವಾಗಿ ಬರೆದಿರಬೇಕು.