ಗುಹೆಯೊಳಗೊಂದು ಇಲಿ

ಅಪ್ಪ ತೀರಿಕೊಂಡ ಮೇಲೆ ಅಮ್ಮ ತೀರ್ಥಹಳ್ಳಿ ಕಡೆಯ ತೋಟದ ಮನೆಯಲ್ಲಿ ಒಬ್ಬಳೇ ಇದ್ದಳು. ಫೋನ್ ಮಾಡಿದಾಗಲೆಲ್ಲ ಬೆಕ್ಕಿನ ಸುದ್ದಿಯೇ: ಇವತ್ತು ಹಾಲು ಮುಟ್ಟಲಿಲ್ಲ, ಒಲೆ ಬುಡದಲ್ಲೇ ಮಲಗಿದೆ. ನಾನು ಅವಸರದಲ್ಲಿ ‘ಹೂಂ’ ಅನ್ನುತ್ತಿದ್ದೆ. ಮಿಶೆಲ್ ಸಿಫ್ರ್ ಅವರ ಬಗ್ಗೆ ಓದಿದ ಮೇಲೆ ಆ ಬೆಕ್ಕಿನ ಬೆಲೆ ತಿಳಿಯಿತು.

ಫ್ರಾನ್ಸಿನ ಈ ಭೂವಿಜ್ಞಾನಿ 1962ರಲ್ಲಿ, ತಮ್ಮ 23ನೇ ವಯಸ್ಸಿನಲ್ಲಿ, ಗಡಿಯಾರವಿಲ್ಲದೆ ಆಲ್ಪ್ಸ್ ಪರ್ವತದ ಗುಹೆಯೊಂದರಲ್ಲಿ ಎರಡು ತಿಂಗಳು ಒಬ್ಬರೇ ಇದ್ದರು. ಸೆಪ್ಟೆಂಬರ್ 14ರಂದು ಹೊರಬಂದಾಗ ಅವರ ಲೆಕ್ಕದಲ್ಲಿ ಅಂದು ಇನ್ನೂ ಆಗಸ್ಟ್ 20. ಹಗಲಿರುಳು ಕಾಣದಿದ್ದರೂ ದೇಹದೊಳಗಿನ ನಿದ್ದೆ–ಎಚ್ಚರದ ಚಕ್ರ ತನ್ನಷ್ಟಕ್ಕೆ ತಿರುಗುತ್ತಿತ್ತು. ಮನಸ್ಸಿಗೆ ಮಾತ್ರ ದಿನಗಳ ಲೆಕ್ಕ ತಪ್ಪಿತ್ತು.

1972ರಲ್ಲಿ ಅಮೆರಿಕದ ಟೆಕ್ಸಾಸ್‌ನ ಗುಹೆಯಲ್ಲಿ ಆರು ತಿಂಗಳು ಕಳೆದಾಗ ಒಂಟಿತನ ಅವರನ್ನು ಹಣ್ಣು ಮಾಡಿತು. ಸಾಯುವ ಯೋಚನೆಯೂ ಬಂತು. ಅಲ್ಲಿ ಓಡಾಡುತ್ತಿದ್ದ ಇಲಿಯೊಂದನ್ನು ಜೊತೆಗಿಟ್ಟುಕೊಳ್ಳಲು ಆಸೆಪಟ್ಟು, ಪಾತ್ರೆ ಮಗುಚಿ ಹಿಡಿಯಹೋದರು. ಪಾತ್ರೆಯ ಪೆಟ್ಟಿಗೆ ಇಲಿ ಸತ್ತೇಹೋಯಿತು. ಒಂದು ಇಲಿಗಾಗಿ ಅವರು ಎದೆಯೊಡೆದು ದುಃಖಿಸಿದರು.

ಅನ್ನ, ನೀರು, ಬೆಳಕಿನ ಜೊತೆಗೆ ಇನ್ನೊಂದು ಜೀವವೂ ಮನುಷ್ಯನಿಗೆ ಬೇಕು. ನಿಮ್ಮ ಊರಿನ ಮನೆಯಲ್ಲಿ ಒಬ್ಬರೇ ಇರುವವರಿಗೆ ಇವತ್ತು ಫೋನ್ ಮಾಡಿ. ಅವರು ಬೆಕ್ಕಿನ ಸುದ್ದಿ ಹೇಳಿದರೆ ಪೂರ್ತಿ ಕೇಳಿ.