ಬರ ಇದೆ ಎನ್ನಬೇಕಾದವರು ಯಾರು?

ಮಳೆ ಕೈಕೊಟ್ಟ ವರ್ಷ ಕಲಬುರಗಿಯ ಕಪನೂರಿನಿಂದ ಕಮಲಾಪುರದವರೆಗೆ ಚಹಾದಂಗಡಿಗಳಲ್ಲಿ ಏಳುವ ಪ್ರಶ್ನೆ ಒಂದೇ: ‘ನಮ್ಮ ತಾಲೂಕು ಬರದ ಪಟ್ಟಿಯಾಗ ಬಂತೇನ್ರಿ?’ ತೊಗರಿ ಒಣಗಿದ್ದು ಕಣ್ಣೆದುರೇ ಇದ್ದರೂ ಸರ್ಕಾರ ಹೇಳುವ ತನಕ ಅದು ಬರವಲ್ಲ. ಈ ವೈಚಿತ್ರ್ಯವನ್ನೇ ಸಿನಿಮಾ ಮಾಡಿದವರು ಎಂ.ಎಸ್. ಸತ್ಯು.

ಯು.ಆರ್. ಅನಂತಮೂರ್ತಿ ಅವರ ಕಥೆ ಆಧರಿಸಿದ ‘ಬರ’ (1982) ಚಿತ್ರದಲ್ಲಿ ಅನಂತನಾಗ್ ಜಿಲ್ಲಾಧಿಕಾರಿ. ಜಿಲ್ಲೆಯನ್ನು ಬರಪೀಡಿತ ಎಂದು ಘೋಷಿಸಿ ಎಂಬುದಷ್ಟೇ ಅವನ ಬೇಡಿಕೆ. ಮೇಲಿನವರ ಲೆಕ್ಕಾಚಾರ ಮಳೆಯದಲ್ಲ, ಕುರ್ಚಿಯದು. ಊರಿನ ಹಸಿವು ಕೊನೆಗೆ ಕೋಮುಗಲಭೆಗೆ ತಿರುಗುತ್ತದೆ. ಪ್ರಾಮಾಣಿಕ ಅಧಿಕಾರಿಯನ್ನು ವೀರನಾಗಿ ಮೆರೆಸದೆ, ಅವನ ಒಳ್ಳೆಯತನ ಎಷ್ಟು ಕಡಿಮೆ ಕೆಲಸಕ್ಕೆ ಬರುತ್ತದೆ ಎಂದು ತೋರಿಸಿದ್ದರಲ್ಲೇ ಚಿತ್ರದ ಗಟ್ಟಿತನವಿದೆ.

1930ರಲ್ಲಿ ಮೈಸೂರಿನಲ್ಲಿ ಹುಟ್ಟಿದ ಸತ್ಯು ಪದವಿ ಓದನ್ನು ಅರ್ಧಕ್ಕೆ ಬಿಟ್ಟು ಮುಂಬೈ ಸೇರಿದವರು. ಚೇತನ್ ಆನಂದ್ ಅವರ ‘ಹಕೀಕತ್’ ಚಿತ್ರದ ಕಲಾನಿರ್ದೇಶನಕ್ಕೆ ಫಿಲ್ಮ್‌ಫೇರ್ ಪ್ರಶಸ್ತಿ ಬಂತು. ಇಪ್ಟಾ ರಂಗತಂಡದ ನಂಟನ್ನೂ ಬಿಡಲಿಲ್ಲ. ಆದರೆ ಹೆಸರು ತಂದದ್ದು ‘ಗರಂ ಹವಾ’. ದೇಶ ವಿಭಜನೆಯ ನಂತರ ಆಗ್ರಾ ಬಿಟ್ಟು ಹೋಗಲೊಪ್ಪದ ಮುಸ್ಲಿಂ ಪಾದರಕ್ಷೆ ತಯಾರಕನ ಕಥೆ. ಬಂಡವಾಳ, ಫಿಲ್ಮ್ ಫೈನಾನ್ಸ್ ಕಾರ್ಪೊರೇಷನ್ ಕೊಟ್ಟ ಎರಡೂವರೆ ಲಕ್ಷ ರೂಪಾಯಿ ಸಾಲ. ಚಿತ್ರೀಕರಣಕ್ಕೆ ಪ್ರತಿಭಟನೆ ಎದುರಾದಾಗ ಸತ್ಯು, ರೀಲು ಹಾಕದ ಕ್ಯಾಮೆರಾ ಕೊಟ್ಟು ಒಂದು ಸುಳ್ಳು ತಂಡವನ್ನು ಬೇರೆಡೆ ಕಳಿಸಿದರಂತೆ. ಗದ್ದಲ ಅದರ ಹಿಂದೆ ಹೋಯಿತು, ಕೆಲಸ ಇಲ್ಲಿ ನಡೆಯಿತು. ಡಬ್ಬಿಂಗ್ ಮುಗಿಸಿದ ಮರುದಿನವೇ, 1973ರ ಏಪ್ರಿಲ್ 13ರಂದು, ನಾಯಕ ನಟ ಬಲರಾಜ್ ಸಾಹ್ನಿ ತೀರಿಕೊಂಡರು. ಸೆನ್ಸಾರ್‌ನಲ್ಲಿ ತಿಂಗಳುಗಟ್ಟಲೆ ಸಿಕ್ಕಿಬಿದ್ದ ಚಿತ್ರ 1974ರಲ್ಲಿ ಮೊದಲು ತೆರೆ ಕಂಡದ್ದು ಬೆಂಗಳೂರಿನಲ್ಲಿ.

ಇಥಿಯೋಪಿಯಾದ ಚಿತ್ರ ನಿರ್ದೇಶಕ ಹೈಲೆ ಗೆರಿಮಾ ಕೂಡ ಇಂಥದೇ ಹಟದ ಮನುಷ್ಯ. ‘ಹಾರ್ವೆಸ್ಟ್: 3000 ಇಯರ್ಸ್’ (1976) ಚಿತ್ರದಲ್ಲಿ ಜಮೀನ್ದಾರನ ಹೊಲದಲ್ಲಿ ಬೆವರು ಸುರಿಸುವ ರೈತ ಕುಟುಂಬವನ್ನು ತೋರಿಸಿದರು. ಗುಲಾಮಗಿರಿಯ ಕಥೆಯಾದ ‘ಸಂಕೋಫಾ’ವನ್ನು ಅಮೆರಿಕದ ವಿತರಕರು ಮುಟ್ಟದಿದ್ದಾಗ ತಾವೇ ಚಿತ್ರಮಂದಿರ ಬಾಡಿಗೆಗೆ ಹಿಡಿದರು. ಬರವನ್ನು ಬರವೆನ್ನದ ಸರ್ಕಾರ ಅವರ ನಾಡಿನಲ್ಲೂ ಇತ್ತು: 1973ರ ವೊಲ್ಲೊ ಪ್ರಾಂತ್ಯದ ಕ್ಷಾಮವನ್ನು ಚಕ್ರವರ್ತಿಯ ಆಡಳಿತ ಮುಚ್ಚಿಟ್ಟಿತ್ತು. ಮರುವರ್ಷ ಸಿಂಹಾಸನವೇ ಹೋಯಿತು. ನಮ್ಮಲ್ಲಿ ಹೆಚ್ಚೆಂದರೆ ತಹಶೀಲ್ದಾರರ ವರ್ಗವಾದೀತು!

ಸತ್ಯು ಮಾಡಿದ ಸಿನಿಮಾಗಳು ಕಡಿಮೆ. ಬಂಡಾಯಗಾರನ ಬೆನ್ನುಹತ್ತಿದ ‘ಕನ್ನೇಶ್ವರ ರಾಮ’, ರಾಜಕೀಯ ವಿಡಂಬನೆ ‘ಚಿತೆಗೂ ಚಿಂತೆ’, ಬಸವಿ ಪದ್ಧತಿಯ ಸುತ್ತಲಿನ ‘ಇಜ್ಜೋಡು’. ಎಲ್ಲವೂ ಒಂದೇ ತೂಕದವಲ್ಲ. ಕಲಬುರಗಿಯಲ್ಲಿ ಯಾರಾದರೂ ಅವರ ಚಿತ್ರೋತ್ಸವ ಮಾಡುವುದಾದರೆ ‘ಗರಂ ಹವಾ’ ಎರಡನೇ ದಿನಕ್ಕಿರಲಿ. ಮೊದಲ ಆಟ ‘ಬರ’, ಅದೂ ಬೇಸಿಗೆಯಲ್ಲಿ.